ವಾಲಿದ ಅಕ್ಷರ

ಆ ಕೆಲಸ ನನ್ನ ಕೈಗೆ ಬಂದಾಗ ನನಗೆ ನಲವತ್ತು ದಾಟಿತ್ತು. ರಾಮನಗರದ ಬಸ್ ನಿಲ್ದಾಣದ ಹಿಂದಿನ ಬೀದಿಯಲ್ಲಿ, ಮೊದಲ ಮಹಡಿಯ ಒಂದೇ ಕೋಣೆಯಲ್ಲಿ ನಾನೊಬ್ಬಳೇ ವಿನ್ಯಾಸದ ಕೆಲಸ ಮಾಡುತ್ತಿದ್ದೆ. ಮದುವೆ ಪತ್ರಿಕೆ, ಗೃಹಪ್ರವೇಶದ ಕಾರ್ಡು, ಕಾಲೇಜುಗಳ ವಾರ್ಷಿಕ ಸಂಚಿಕೆ, ಅಂಗಡಿಗಳ ಲೇಬಲ್ಲು. ಮದುವೆಗೆ ಮುಂಚೆ ಬೆಂಗಳೂರಿನ ಒಂದು ಜಾಹೀರಾತು ಕಂಪನಿಯಲ್ಲಿ ಕೆಲವು ವರ್ಷ ದುಡಿದಿದ್ದೆ. ಅಲ್ಲಿ ಕಲಿತ ವಿದ್ಯೆಯಲ್ಲಿ ಅರ್ಧಕ್ಕರ್ಧ ಇಲ್ಲಿ ಬಳಕೆಗೇ ಬರುತ್ತಿರಲಿಲ್ಲ. ಮನೆ ಚನ್ನಪಟ್ಟಣದಲ್ಲಿ. ಗಂಡ ಹಾರೋಹಳ್ಳಿಯ ಕಾರ್ಖಾನೆಯೊಂದರಲ್ಲಿ ಬಿಡಿಭಾಗಗಳ ಅಳತೆ ಪರೀಕ್ಷಿಸುವ ಕೆಲಸದಲ್ಲಿದ್ದರು. ಬೆಳಿಗ್ಗೆ ಅವರು ಕಂಪನಿ ಬಸ್ಸು ಹತ್ತಿದ ಮೇಲೆ ನಾನು ರೈಲು ಹಿಡಿಯುತ್ತಿದ್ದೆ.

ಕನಕಪುರದಿಂದ ಒಬ್ಬ ಹೆಂಗಸು ಹುಡುಕಿಕೊಂಡು ಬಂದರು. ನನಗಿಂತ ನಾಲ್ಕೈದು ವರ್ಷ ದೊಡ್ಡವರು. ಮಾವನ ಕಾಲದಿಂದಲೂ ಅವರ ಮನೆಯವರದು ಗೂಡಿನಿಂದ ರೇಷ್ಮೆ ನೂಲು ತೆಗೆಸುವ ಕಸುಬು. ನೂಲನ್ನು ಯಾರ್ಯಾರಿಗೋ ಮಾರಿ ಸುಮ್ಮನಾಗುವ ಬದಲು ತಾವೇ ಸೀರೆ ನೇಯಿಸಿ, ಕೆಲವೇ ಸೀರೆಗಳನ್ನು ಬಹಳ ದುಬಾರಿಗೆ ಮಾರಬೇಕೆಂದು ಅವರು ನಿಶ್ಚಯಿಸಿದ್ದರು. ಕೈಚೀಲದಿಂದ ವಿದೇಶಿ ಸುಗಂಧದ ಒಂದು ಖಾಲಿ ಪೆಟ್ಟಿಗೆ ತೆಗೆದು ನನ್ನ ಮೇಜಿನ ಮೇಲಿಟ್ಟರು. ಬಿಳಿ ಪೆಟ್ಟಿಗೆ, ಅದರ ಮೇಲೆ ಕಪ್ಪು ಅಕ್ಷರದಲ್ಲಿ ಒಂದೇ ಒಂದು ಪದ.

"ಇದರಲ್ಲಿ ಚಿನ್ನದ ಬಣ್ಣ ಇಲ್ಲ, ಹೂವಿಲ್ಲ, ನವಿಲಿಲ್ಲ. ಆದ್ರೂ ಕೈಗೆ ತಗಳೋಕೆ ಭಯ ಆಗ್ತದೆ ನೋಡಿ, ಮೇಡಂ. ಅದ್ಯಾಕೆ?" ಎಂದು ಕೇಳಿದರು.

"ಅಕ್ಷರದಿಂದ," ಎಂದೆ.

"ಅದೇ ಬೇಕು ನಂಗೆ."

ಆ ಮಾತು ಕೇಳಿ ನನಗಾದ ಸಂತೋಷ ಅವರಿಗೆ ಅರ್ಥವಾಗಿರಲಾರದು. ರಾಮನಗರದಲ್ಲಿ ಕೂತ ಇಷ್ಟು ವರ್ಷಗಳಲ್ಲಿ ಅಕ್ಷರವನ್ನೇ ಕೇಳಿಕೊಂಡು ಬಂದವರು ಅವರೊಬ್ಬರೇ. ಮಿಕ್ಕವರೆಲ್ಲ ಇನ್ನೂ ದಪ್ಪ ಮಾಡಿ, ಇನ್ನೂ ಕೆಂಪು ಮಾಡಿ, ಜಾಗ ಖಾಲಿ ಇದೆಯಲ್ಲ ಅಲ್ಲೊಂದು ದೀಪ ಹಾಕಿ ಎನ್ನುವವರು. ಕನಕಪುರದ ಈ ಹೆಂಗಸನ್ನು ಅಂದೇ ಅಕ್ಕ ಎಂದು ಕರೆಯತೊಡಗಿದೆ. ಸೀರೆಯ ಪೆಟ್ಟಿಗೆ, ಲೇಬಲ್ಲು, ಅಂಗಡಿಯ ಬೋರ್ಡಿಗೆ ಹೆಸರು ಮಾತ್ರವಲ್ಲ, ವರ್ಷಕ್ಕೊಂದು ಪುಸ್ತಕವೂ ಆಗಬೇಕಿತ್ತು. ಸೀರೆ ಕೊಂಡವರಿಗೆ ಕೊಡುವಂಥದು, ಪತ್ರಿಕೆಯ ಹಾಗೆ ಓದಲು ಲೇಖನಗಳಿರುವಂಥದು, ಒಂದು ಪುಟ ಕನ್ನಡ, ಎದುರು ಪುಟ ಇಂಗ್ಲಿಷ್. ಮದುವೆಯ ದಿನಗಳು ಶುರುವಾಗುವ ಮೊದಲು ಎಲ್ಲ ತಯಾರಾಗಬೇಕು.

ಅವರಿಗೆ ಸೆರಿಫ್ ಅಕ್ಷರ ಎಂದರೇನೆಂದು ಆ ಪೆಟ್ಟಿಗೆಯನ್ನೇ ಹಿಡಿದು ತೋರಿಸಿದೆ. ಇಂಗ್ಲಿಷ್ ಅಕ್ಷರದ ಕಾಲು ನೆಲಕ್ಕೆ ತಾಗುವ ಕಡೆ ಒಂದು ಸಣ್ಣ ಪಾದ ಚಾಚಿರುತ್ತದೆ, ಅದು ಸೆರಿಫ್. ಕೆಲವು ಶೈಲಿಗಳಲ್ಲಿ ಪಾದ ದಪ್ಪ, ಕೆಲವುಗಳಲ್ಲಿ ಕೂದಲಿನ ಎಳೆಯಷ್ಟು. ದುಬಾರಿ ಸಾಮಾನಿನವರಿಗೆ ಇಷ್ಟವಾಗುವುದು ಸಾಮಾನ್ಯವಾಗಿ ಎರಡನೆಯದು. ಒಂದು ಗೆರೆ ದಪ್ಪಗೆ ಇಳಿದರೆ ಪಕ್ಕದ ಗೆರೆ ಇದೆಯೋ ಇಲ್ಲವೋ ಎನ್ನುವಷ್ಟು ತೆಳು. ಆ ಏರಿಳಿತವೇ ಸೊಗಸು.

ಮುಂದಿನ ಕೆಲವು ವಾರ ನಾನು ಬೇರೆ ಕೆಲಸಗಳನ್ನೆಲ್ಲ ಬದಿಗಿಟ್ಟು ಅವರ ಹೆಸರನ್ನು ನೂರಾರು ಶೈಲಿಗಳಲ್ಲಿ ಬರೆದು ನೋಡಿದೆ. ಕೊನೆಗೆ ಎರಡು ಉಳಿದವು. ಒಂದು ಹಳೆಯ ಪುಸ್ತಕಗಳ ಅಕ್ಷರದ ಹಾಗೆ ಗಟ್ಟಿಯಾದದ್ದು, ಪಾದಗಳು ದುಂಡಗೆ, ತೆಳು ಗೆರೆಗೂ ಒಂದಿಷ್ಟು ಮೈ ಇದ್ದದ್ದು. ಇನ್ನೊಂದು ಆ ಪೆಟ್ಟಿಗೆಯ ಜಾತಿಯದು. ಅದನ್ನು ಕಂಡರೆ ನನಗೇ ಮೋಹ. ಅಕ್ಕನವರ ಬ್ರ್ಯಾಂಡಿನ ಹೆಸರಿನ ನಡುವೆ ಇಂಗ್ಲಿಷಿನ ಎನ್ ಬರುತ್ತಿತ್ತು. ಈ ಶೈಲಿಯಲ್ಲಿ ಎನ್‌ನ ಎರಡು ನೆಟ್ಟಗಿನ ಕಾಲುಗಳು ಎಳೆಯಷ್ಟು ತೆಳು, ನಡುವೆ ಓರೆಯಾಗಿ ಇಳಿಯುವ ಗೆರೆ ಮಾತ್ರ ದಪ್ಪ. ಮಗ್ಗದ ಮೇಲೆ ಎಳೆದ ನೂಲಿನ ನಡುವೆ ಅಂಚಿನ ಪಟ್ಟಿ ಬಂದ ಹಾಗೆ ಕಾಣುತ್ತಿತ್ತು. ಅಕ್ಕನವರಿಗೂ ಅದೇ ಹಿಡಿಸಿತು.

ತಾಪತ್ರಯವಾದದ್ದು ಕನ್ನಡಕ್ಕೆ. ನಮ್ಮ ಅಕ್ಷರಗಳಲ್ಲಿ ಆ ಬಗೆಯ ದಪ್ಪ ತೆಳುವಿನ ಆಟ ಕಡಿಮೆ. ದುಂಡಗೆ ಹೊರಳಿ, ಮೇಲೆ ತಲೆಕಟ್ಟು ಹೊತ್ತುಕೊಂಡು, ಎಲ್ಲ ಕಡೆಯೂ ಹೆಚ್ಚುಕಡಿಮೆ ಒಂದೇ ದಪ್ಪದಲ್ಲಿ ಕೂರುತ್ತವೆ. ಇಂಗ್ಲಿಷಿನ ಆ ನೀಳ ಅಕ್ಷರಗಳ ಪಕ್ಕದಲ್ಲಿ ಸಿದ್ಧ ಫಾಂಟಿನ ಕನ್ನಡ ಇಟ್ಟರೆ ಮದುವೆಮನೆಗೆ ಕೆಲಸದ ಬಟ್ಟೆಯಲ್ಲೇ ಬಂದವರಂತೆ ಕಾಣುತ್ತಿತ್ತು. ಹಾಗಾಗಿ ಹೆಸರಿನ ಕನ್ನಡ ಅಕ್ಷರಗಳನ್ನು ನಾನೇ ಬರೆದೆ. ತಲೆಕಟ್ಟನ್ನು ತೆಳುವಾಗಿಸಿ, ಹೊಟ್ಟೆಯ ತಿರುವಿನಲ್ಲಿ ದಪ್ಪ ಉಳಿಸಿದೆ. ದಿನವಿಡೀ ಪರದೆಗೆ ಮುಖವಿಟ್ಟು ಕೂರುತ್ತಿದ್ದೆ.

ಮೊದಲ ಪ್ರೂಫ್ ಬಂದಾಗ ಎನ್‌ನ ಬಲಗಾಲು ನಡುವೆ ತುಂಡಾದಂತಿತ್ತು. ನಮ್ಮ ಊರಿನ ಮುದ್ರಣಾಲಯಕ್ಕೇ ಹೋದೆ. ಮಾಲೀಕರು ವಯಸ್ಸಾದವರು, ನನ್ನ ಬಹುತೇಕ ಕೆಲಸವೆಲ್ಲ ಅವರಲ್ಲೇ ಆಗುತ್ತಿತ್ತು.

"ಗೆರೆ ಎತ್ಕೊಂಡಿಲ್ಲ ಸರ್, ನೋಡಿ," ಎಂದೆ.

ಅವರು ಕನ್ನಡಕ ಸರಿಮಾಡಿಕೊಂಡು ಹಾಳೆಯನ್ನು ಬಾಗಿಲ ಬೆಳಕಿಗೆ ಹಿಡಿದರು. "ಸರಿಯಾಗೇ ಐತಲ್ಲಮ್ಮ."

"ಎಲ್ಲಿದೆ? ಮಧ್ಯೆ ಅಳಿಸಿ ಹೋಗಿದೆ."

"ಇನ್ನೊಂದು ಹಾಕಿಸ್ಕೊಡ್ತೀನಿ ಬುಡಿ," ಎಂದರು. ವಾದ ಮಾಡಲಿಲ್ಲ. ಎರಡನೆಯದೂ ಹಾಗೇ ಇತ್ತು. ಈ ಮಿಷನ್ನಿಗೆ ಇಷ್ಟು ನಾಜೂಕು ಕೆಲಸ ಆಗುವುದಿಲ್ಲ ಎಂದು ಮನಸ್ಸಿನಲ್ಲೇ ಅಂದುಕೊಂಡು ಬಂದೆ. ಪರದೆಯ ಮೇಲೆ ನೋಡಿದರೆ ಅಲ್ಲಿಯೂ ಆ ಕಾಲು ಸರಿಯಿರಲಿಲ್ಲ. ಒಳಕ್ಕೆ ಒಂಚೂರು ಬಾಗಿದಂತಿತ್ತು. ಫಾಂಟ್ ಮಾಡಿದವರೇ ತಪ್ಪಿದ್ದಾರೆ ಎಂದುಕೊಂಡೆ.

ನಮ್ಮ ಕಸುಬಿನಲ್ಲಿ ಅಳತೆಗಿಂತ ಕಣ್ಣು ದೊಡ್ಡದು. ಅಳತೆ ಸರಿಯಿದ್ದರೂ ಕಣ್ಣಿಗೆ ಸರಿಕಾಣದಿದ್ದರೆ ಅಕ್ಷರವನ್ನು ತಿದ್ದಬೇಕೆಂದೇ ನನಗೆ ಕಲಿಸಿದ್ದರು. ಸೊನ್ನೆಯನ್ನು ಪಕ್ಕದ ಅಕ್ಷರಕ್ಕಿಂತ ಕೂದಲೆಳೆಯಷ್ಟು ದೊಡ್ಡದು ಮಾಡಿದರೆ ಮಾತ್ರ ಸಮವಾಗಿ ಕಾಣುತ್ತದೆ. ಹಾಗೆಯೇ ಎನ್‌ನ ಕಾಲನ್ನು ಹಿಡಿದು, ನನ್ನ ಕಣ್ಣಿಗೆ ನೆಟ್ಟಗೆ ಕಾಣುವವರೆಗೂ ಹೊರಕ್ಕೆ ಎಳೆದೆ. ಕನ್ನಡ ಅಕ್ಷರಗಳ ತಲೆಕಟ್ಟನ್ನೂ ಅಲ್ಲಲ್ಲಿ ತಿದ್ದಿದೆ. ತೃಪ್ತಿಯಾಯಿತು. ಅಕ್ಕನವರಿಗೆ ಕಳಿಸಿದೆ.

ಮಾರನೆಯ ದಿನ ಅವರ ಫೋನು ಬಂತು.

"ಮೇಡಂ, ಈ ಎನ್ನು ಯಾಕೆ ಒಸಿ ವಾಲ್ಕೊಂಡೈತೆ?"

"ಇಲ್ವಲ್ಲ ಅಕ್ಕ, ಮುಂಚೆ ವಾಲಿತ್ತು. ಈಗ ಸರಿ ಮಾಡಿದೀನಿ."

"ಮುಂಚೆ ಚೆನ್ನಾಗಿತ್ತು. ಈಗ ಕುಡಿದೋರ ಕಾಲಂಗೆ ಹೊರಕ್ಕೆ ಹೋಗೈತೆ. ನಮ್ಮನೇಲಿ ಎಲ್ಲರಿಗೂ ತೋರಿಸ್ದೆ, ಎಲ್ಲರೂ ಅದೇ ಅಂದರು."

ಫೋನಿನಲ್ಲಿ ನೋಡಿದರೆ ಹಾಗೆ ಕಾಣುತ್ತದೆ, ಕಾಗದದ ಮೇಲೆ ಬಂದಾಗ ತಿಳಿಯುತ್ತದೆ ಎಂದು ನಾನು ಹೇಳಿದೆ. ಅವರು ಸರಿ ಎಂದರೂ ದನಿಯಲ್ಲಿ ಒಪ್ಪಿಗೆ ಇರಲಿಲ್ಲ. ನನಗೆ ಸಿಟ್ಟು ಬಂದಿತ್ತು. ಅಕ್ಷರದ ವಿಷಯದಲ್ಲಿ ಮನೆಮಂದಿಯೆಲ್ಲ ಕೂತು ಪಂಚಾಯಿತಿ ಮಾಡುತ್ತಾರಲ್ಲ ಎಂದು ರೈಲಿನಲ್ಲಿ ಬರುವಾಗಲೂ ಒಳಗೊಳಗೇ ಕುದಿಯುತ್ತಿದ್ದೆ.

ಆ ಭಾನುವಾರ ಮನೆಯ ಹಜಾರದಲ್ಲಿ ಕೂತು ನೆನೆಸಿದ ಅವರೆಕಾಳು ಹಿತುಕುತ್ತಿದ್ದೆ. ಒಂದು ಕಾಳಿನಿಂದ ನೀರು ಚಿಮ್ಮಿ ಎಡಗಣ್ಣಿಗೆ ಬಿತ್ತು. ಉರಿಗೆ ಕಣ್ಣು ಮುಚ್ಚಿಕೊಂಡೆ. ಬಲಗಣ್ಣೊಂದರಲ್ಲೇ ಎದುರಿನ ಕಿಟಕಿ ಕಂಡಿತು. ಅದರ ನಡುವಿನ ಕಬ್ಬಿಣದ ಸರಳು ಅರ್ಧದಲ್ಲಿ ಒಳಕ್ಕೆ ಬಾಗಿತ್ತು. ಅದರ ಮೇಲೆ ಒದ್ದೆ ಹೆಬ್ಬೆರಳು ಒತ್ತಿದಂತೆ ಬೂದು ಬಣ್ಣದ ಮಬ್ಬು.

"ರೀ, ಕಿಟಕಿ ಸರಳು ಯಾವಾಗ ಬಗ್ಗೋಯ್ತು?" ಎಂದು ಕೇಳಿದೆ.

ಗಂಡ ಪೇಪರು ಓದುತ್ತಿದ್ದರು. "ಯಾವುದು?"

"ಮಧ್ಯದ್ದು."

ಅವರು ಎದ್ದು ಹೋಗಿ ಸರಳನ್ನು ಮೇಲಿಂದ ಕೆಳಗೆ ಸವರಿದರು. "ನೆಟ್ಟಗೇ ಐತಲ್ಲೇ."

ಎಡಗಣ್ಣು ತೆರೆದೆ. ಸರಳು ನೆಟ್ಟಗಾಯಿತು. ಮುಚ್ಚಿದೆ, ಬಾಗಿತು. ನನ್ನ ಮುಖ ನೋಡಿ ಅವರಿಗೆ ಏನೋ ಅನ್ನಿಸಿರಬೇಕು. ತಮ್ಮ ಕೆಲಸದ ಚೀಲದಿಂದ ಉಕ್ಕಿನ ಸ್ಕೇಲು ತಂದು ನನ್ನ ಮುಂದೆ ಹಿಡಿದರು.

"ಒಂದೇ ಕಣ್ಣಲ್ಲಿ ನೋಡು. ಇದೆಂಗೈತೆ?"

"ಬಗ್ಗಿದೆ."

"ಇದು ಬಗ್ಗೋ ಸಾಮಾನಲ್ಲ ಕಣೇ," ಎಂದರು ಮೆಲ್ಲಗೆ. ಆಮೇಲೆ ಸ್ಕೇಲನ್ನು ಕೆಳಗಿಟ್ಟು ನನ್ನ ಪಕ್ಕದಲ್ಲೇ ನೆಲದ ಮೇಲೆ ಕೂತರು. ಎನ್ ನೆಟ್ಟಗೇ ಇತ್ತು, ಅಷ್ಟು ತೆಳು ಗೆರೆಯನ್ನು ಎರಡೂ ಕಣ್ಣು ತೆರೆದಿದ್ದಾಗಲೂ ಈ ಬಲಗಣ್ಣು ಕೆಡಿಸಿ ತೋರಿಸಿತ್ತು, ಅದನ್ನು ವಾಲಿಸಿದ್ದು ನಾನೇ ಎಂಬುದು ಆಗ ಹೊಳೆಯಿತು. ಮುದ್ರಣಾಲಯದವರ ಮುಂದೆ ಜೋರು ಮಾಡಿದ್ದು ನೆನಪಾಗಿ ನಾಚಿಕೆಯಾಯಿತು. ಅದಕ್ಕಿಂತ ದೊಡ್ಡ ಭಯ ಅದರ ಹಿಂದೆಯೇ ಬಂತು. ಕಣ್ಣಿಲ್ಲದಿದ್ದರೆ ನನ್ನಲ್ಲಿ ಉಳಿದ ವಿದ್ಯೆಯಾದರೂ ಯಾವುದು?

ಬೆಂಗಳೂರಿನ ಕಣ್ಣಿನ ಆಸ್ಪತ್ರೆಯಲ್ಲಿ ಹನಿ ಹಾಕಿ, ಒಂದು ಯಂತ್ರದ ಮುಂದೆ ಗದ್ದ ಇರಿಸಿ, ಚಿತ್ರ ತೆಗೆದರು. ಡಾಕ್ಟರು ಚಿತ್ರವನ್ನು ನಮ್ಮ ಕಡೆ ತಿರುಗಿಸಿ ತೋರಿಸಿದರು. ಕಣ್ಣಿನೊಳಗಿನ ಪರದೆಯ ಹಿಂದೆ ನೀರು ಸೇರಿಕೊಂಡು, ಪರದೆ ಸಣ್ಣ ಗುಡ್ಡದಂತೆ ಉಬ್ಬಿತ್ತು.

"ಸರಿಯಾಗಿ ನೋಡುವ ಜಾಗದಲ್ಲೇ ಉಬ್ಬಿದೆ. ಅದಕ್ಕೇ ಗೆರೆ ಬಾಗಿ ಕಾಣುತ್ತೆ. ಸಾಕಷ್ಟು ಜನಕ್ಕೆ ಕೆಲವು ತಿಂಗಳಲ್ಲಿ ತಾನಾಗೇ ಇಂಗುತ್ತೆ," ಎಂದರು.

"ಪೂರ್ತಿ ಸರಿಹೋಗುತ್ತಾ?" ಎಂದು ಕೇಳಿದೆ.

"ಹೋಗಬಹುದು. ಕೆಲವರಿಗೆ ಸ್ವಲ್ಪ ಉಳಿಯುತ್ತೆ."

ಸ್ಟೀರಾಯ್ಡ್ ಔಷಧಿ ಏನಾದರೂ ತೆಗೆದುಕೊಳ್ಳುತ್ತಿದ್ದೀರಾ ಎಂದು ವಿಚಾರಿಸಿದರು. ಉಬ್ಬಸಕ್ಕೆ ಮಾತ್ರೆ ನುಂಗುತ್ತಿದ್ದೆ. ಅದನ್ನು ಕೊಟ್ಟ ಡಾಕ್ಟರನ್ನೇ ಕೇಳಿ ಕಡಿಮೆ ಮಾಡಿಸಿಕೊಳ್ಳಿ, ನಿದ್ದೆ ಕೆಡಬೇಡಿ, ಚಿಂತೆ ಮಾಡಬೇಡಿ ಎಂದರು. ಚಿಂತೆ ಮಾಡಬೇಡಿ ಎಂದಾಗ ಪಕ್ಕದಲ್ಲಿದ್ದ ಗಂಡ ನನ್ನ ಕಡೆ ತಿರುಗಿ ನೋಡಿದರು. ವಾಪಸ್ ಬರುವಾಗ ಕೆಂಗೇರಿ ದಾಟುವವರೆಗೂ ನಾನು ಒಂದೊಂದೇ ಕಣ್ಣು ಮುಚ್ಚಿ ರೈಲಿನ ಕಿಟಕಿಯ ಕಂಬಿಗಳನ್ನು ನೋಡುತ್ತಿದ್ದೆ. "ಸಾಕು, ಅದನ್ನೇ ಮಾಡ್ತಾ ಕೂತ್ಕಬ್ಯಾಡ," ಎಂದು ಅವರು ನನ್ನ ಕೈ ಇಳಿಸಿದರು.

ಅಕ್ಕನವರಿಗೆ ಫೋನಿನಲ್ಲಿ ಹೇಳಲು ಮನಸ್ಸಾಗಲಿಲ್ಲ. ಬಸ್ಸು ಹತ್ತಿ ಕನಕಪುರಕ್ಕೆ ಹೋದೆ. ಮನೆಯ ಹಿಂಬದಿಯಲ್ಲಿ ಗೂಡು ಬೇಯುವ ವಾಸನೆ ಬರುತ್ತಿತ್ತು. ಕಾಫಿ ಕೊಟ್ಟರು. ನಾನು ಲೋಟ ಕೆಳಗಿಟ್ಟು ಎಲ್ಲವನ್ನೂ ಹೇಳಿದೆ. ಅವರು ಅಯ್ಯೋ ಎಂದರು, ನನ್ನ ಕೈ ಹಿಡಿದುಕೊಂಡರು. ಆಮೇಲೆ ಕೈ ಬಿಟ್ಟು, "ಹಂಗಾದ್ರೆ ಈ ಕೆಲಸ ಹೆಂಗೆ?" ಎಂದರು.

"ಎಡಗಣ್ಣು ಚೆನ್ನಾಗಿದೆ ಅಕ್ಕ. ಮಾಡ್ತೀನಿ."

"ಬೇಜಾರು ಮಾಡ್ಕಬೇಡಿ. ನಾನು ಎಲ್ಲಾ ಕಡೆ ಹೇಳ್ಕೊಂಡಿದೀನಿ. ಪೆಟ್ಟಿಗೆ ಮಾಡೋರು ಕಾಯ್ತಾವ್ರೆ." ಅವರ ದನಿಯಲ್ಲಿ ಮುಜುಗರವಿತ್ತು. "ಆ ಹೆಸರು ಮಾತ್ರ, ನೀವು ಮುಟ್ಟದೇ ಇದ್ದಾಗ ಹೆಂಗಿತ್ತೋ ಹಂಗೇ ಇಡಿ."

ಅವರು ಕೆಟ್ಟ ಮನಸ್ಸಿನಿಂದ ಹೇಳಿದ್ದಲ್ಲ. ಅವರ ಜಾಗದಲ್ಲಿದ್ದರೆ ನಾನೂ ಅದನ್ನೇ ಕೇಳುತ್ತಿದ್ದೆ. ಆದರೂ ಆ ಮಾತು ಒಳಗೆ ಹೋಗಿ ಕೂತಿತು. ಕನ್ನಡದ ಅಕ್ಷರಗಳನ್ನು ಬರೆದದ್ದೇ ನಾನು, ಅದರಲ್ಲಿ ಮುಟ್ಟದೇ ಇದ್ದದ್ದು ಎಂಬುದೇ ಇಲ್ಲ ಎಂದು ವಿವರಿಸಿದೆ. ಹಾಗಾದರೆ ತಿದ್ದುವ ಮುಂಚಿನದನ್ನು ಇಡೋಣ, ಅದನ್ನು ಬೇರೆ ಯಾರಿಗಾದರೂ ಒಮ್ಮೆ ತೋರಿಸೋಣ ಎಂದರು. ಬೆಂಗಳೂರಿನಲ್ಲಿ ನನ್ನ ಜೊತೆ ಕೆಲಸ ಮಾಡಿದ್ದ ಗೆಳತಿಗೆ ಕಳಿಸಿದೆ. ಅವಳು ಎರಡು ಕಡೆ ತಲೆಕಟ್ಟು ಸರಿಮಾಡಿ, ಉಳಿದದ್ದು ಸೊಗಸಾಗಿದೆ ಎಂದು ಬರೆದಳು. ಆ ಎರಡು ಕಡೆ ಯಾವುವೆಂದು ಎಡಗಣ್ಣಿನಲ್ಲಿ ಹುಡುಕಿ ನೋಡಿದೆ. ಒಂದು ಅವಳ ಮಾತಿನಂತೆಯೇ ತಪ್ಪಾಗಿತ್ತು. ಇನ್ನೊಂದು ನನಗೆ ಈಗಲೂ ಮುಂಚೆ ಇದ್ದಂತೆಯೇ ಚೆನ್ನಾಗಿತ್ತು ಅನ್ನಿಸುತ್ತದೆ. ಆದರೆ ಆಗ ಅದನ್ನು ಹೇಳುವ ಧೈರ್ಯ ನನಗೆ ಇರಲಿಲ್ಲ.

ಪುಸ್ತಕದ ಒಳಪುಟಗಳಿಗೆ ಅಕ್ಷರ ಆರಿಸುವುದು ಬಾಕಿ ಇತ್ತು. ಮೊದಲು ಆಗಿದ್ದ ಮಾತಿನಂತೆ ಹೆಸರಿನ ತೆಳು ಶೈಲಿಯನ್ನೇ ಇಂಗ್ಲಿಷ್ ಲೇಖನಗಳಿಗೂ, ಅದಕ್ಕೆ ಹತ್ತಿರದ ತೆಳು ಫಾಂಟನ್ನು ಕನ್ನಡಕ್ಕೂ ಬಳಸಬೇಕಿತ್ತು. ಒಂದು ಪುಟ ಅಚ್ಚು ಹಾಕಿಸಿ ಎಡಗಣ್ಣು ಮುಚ್ಚಿ ಓದಲು ಹೋದೆ. ತೆಳು ಗೆರೆಗಳೆಲ್ಲ ಮಾಯವಾಗಿ, ದಪ್ಪ ಗೆರೆಗಳು ಮಾತ್ರ ಬೇಲಿಯ ಗೂಟಗಳಂತೆ ನಿಂತಿದ್ದವು. ಅದೇ ಪುಟವನ್ನು ಹಳೆಯ ಪುಸ್ತಕದ ಜಾತಿಯ ಆ ಇನ್ನೊಂದು ಶೈಲಿಯಲ್ಲಿ ಹಾಕಿಸಿದೆ. ಮಬ್ಬಿನಲ್ಲಿ, ಅಲ್ಲಲ್ಲಿ ಡೊಂಕಾಗಿ, ಆದರೂ ಪದಗಳು ಪದಗಳಾಗಿಯೇ ಕಂಡವು.

ಅಕ್ಕನವರ ಅಂಗಡಿ ತೆರೆದ ಮೇಲೆ ಬಂದು ಮಗಳಿಗೋ ಸೊಸೆಗೋ ಸೀರೆ ಕೊಳ್ಳುವವರಲ್ಲಿ ಹೆಚ್ಚಿನವರು ಐವತ್ತು ದಾಟಿದವರೇ ಇರುತ್ತಾರೆ. ಅವರು ಈ ಪುಸ್ತಕವನ್ನು ಕನ್ನಡಕ ಹುಡುಕಿಕೊಂಡು ಓದುವವರು. ಒಳಗೆ ಗಟ್ಟಿ ಅಕ್ಷರವೇ ಸರಿ ಎಂದು ನನಗೆ ಖಚಿತವಾಗಿ ಅನ್ನಿಸಿತು. ಆದರೆ ಆ ಖಚಿತದ ಬೆನ್ನಿಗೇ ಒಂದು ಅನುಮಾನ. ಇದನ್ನು ನಾನು ಓದುವವರಿಗಾಗಿ ಆರಿಸುತ್ತಿದ್ದೇನೆಯೇ, ನನ್ನ ಬಲಗಣ್ಣಿಗಾಗಿಯೇ? ಹಿಂದೆ ಯಾವುದು ಚೆಂದ ಎಂದು ನೋಡಿದ ಕೂಡಲೇ ಹೇಳಿಬಿಡುತ್ತಿದ್ದೆ. ಈಗ ನನ್ನ ರುಚಿಯ ಮೇಲೂ ನನಗೆ ನಂಬಿಕೆ ಹೋಗಿತ್ತು.

ಎರಡೂ ಪುಟಗಳನ್ನು ಹಿಡಿದು ಮತ್ತೆ ಕನಕಪುರಕ್ಕೆ ಹೋದೆ. ಅಕ್ಕನವರು ಗಟ್ಟಿ ಅಕ್ಷರದ ಪುಟ ನೋಡಿ ಮುಖ ಸಣ್ಣಗೆ ಮಾಡಿದರು.

"ಇದು ಸ್ಕೂಲ್ ಪುಸ್ತಕದಂಗೈತೆ. ನಿಮಗೆ ಅದು ಕಾಣಲ್ಲ ಅಂತ ಇದನ್ನ ಹಾಕ್ತಿದೀರಾ?"

ಅನುಮಾನ ಅವರ ಬಾಯಲ್ಲೇ ಬಂದುಬಿಟ್ಟಿತು. ಕಣ್ಣಲ್ಲಿ ನೀರು ಬಂತು, ಒರೆಸಿಕೊಳ್ಳಲಿಲ್ಲ. ಒರೆಸಿಕೊಂಡರೆ ಕಣ್ಣಿನ ಕಾಯಿಲೆ ಎಂದುಕೊಂಡಾರು ಎಂಬ ವಿಚಿತ್ರ ಯೋಚನೆ.

"ಇರಬಹುದು ಅಕ್ಕ. ನಂಗೂ ಗೊತ್ತಾಗ್ತಿಲ್ಲ. ಅದಕ್ಕೇ ನೀವೇ ಓದಿ ಹೇಳಿ ಅಂತ ತಂದಿದೀನಿ. ನೋಡಬೇಡಿ, ಓದಿ. ಕೊನೇವರೆಗೂ."

ಅವರು ಕನ್ನಡಕ ಹಾಕಿಕೊಂಡು ಜಗಲಿಗೆ ಹೋಗಿ ಕೂತರು. ಮೊದಲು ತೆಳು ಅಕ್ಷರದ ಪುಟ. ಅರ್ಧಕ್ಕೆ ಬರುವಷ್ಟರಲ್ಲಿ ಹಾಳೆಯನ್ನು ಒಮ್ಮೆ ದೂರ, ಒಮ್ಮೆ ಹತ್ತಿರ ಹಿಡಿಯತೊಡಗಿದರು. ಇನ್ನೊಂದು ಪುಟವನ್ನು ಅಲುಗಾಡದೆ ಓದಿ ಮುಗಿಸಿದರು.

"ಹೆಡ್ಡಿಂಗಿಗೆ ಆ ತೆಳ್ಳಂದು ಇರ್ಲಿ," ಎಂದರು ಕೊನೆಗೆ. "ಒಳಗಡೆ ಇದು ಹಾಕಿ. ಆದ್ರೆ ಸಾಲಿಗೂ ಸಾಲಿಗೂ ಜಾಗ ಬುಟ್ಟು, ಒಸಿ ಶ್ರೀಮಂತವಾಗಿ ಕಾಣಂಗೆ ಮಾಡಿ." ನಿಜಕ್ಕೂ ಅದೇ ಬೇಕಿತ್ತು. ಕನ್ನಡದ ಒತ್ತಕ್ಷರಗಳು ಕೆಳಗಿಳಿಯುವುದರಿಂದ ಸಾಲುಗಳಿಗೆ ಹೇಗೂ ಉಸಿರಾಡಲು ಜಾಗ ಬೇಕಾಗುತ್ತದೆ. ಎದುರಿನ ಇಂಗ್ಲಿಷ್ ಪುಟವನ್ನೂ ಅದೇ ಅಂತರಕ್ಕೆ ತಂದಾಗ ಎರಡೂ ಪುಟಗಳಿಗೆ ಮೊದಲ ಸಲ ಒಂದು ಹೊಂದಾಣಿಕೆ ಬಂತು.

ಪುಸ್ತಕ ಸಮಯಕ್ಕೆ ಸರಿಯಾಗಿ ಬಂತು. ಮುದ್ರಿಸಿದ್ದು ನಾನು ಜೋರು ಮಾಡಿದ್ದ ಅದೇ ಮುದ್ರಣಾಲಯ. ಅಲ್ಲಿಗೆ ಹೋಗಿ ಕಣ್ಣಿನ ವಿಷಯ ಹೇಳಿ ಕ್ಷಮಿಸಿ ಎಂದಾಗ ಮಾಲೀಕರು, "ನಿಮ್ ಕಣ್ಣು ಹೆಂಗೈತೆ ಈಗ?" ಎಂದಷ್ಟೇ ಕೇಳಿದರು. ಅಂಗಡಿ ತೆರೆದ ದಿನ ಜನ ಪೆಟ್ಟಿಗೆಯನ್ನು ತಿರುಗಿಸಿ ತಿರುಗಿಸಿ ನೋಡುತ್ತಿದ್ದರು. ಆ ಎನ್ ಬಹಳ ಚೆನ್ನಾಗಿದೆ ಎಂದು ಬೆಂಗಳೂರಿನಿಂದ ಬಂದ ಒಬ್ಬರು ನನ್ನ ಎದುರೇ ಹೇಳಿದರು. ನಾನು ಮುಟ್ಟದೇ ಬಿಟ್ಟ ಅಕ್ಷರ ಅದು. ಥ್ಯಾಂಕ್ಸ್ ಎಂದೆ.

ಕೆಲವು ತಿಂಗಳಾದ ಮೇಲೆ ತೆಗೆದ ಚಿತ್ರದಲ್ಲಿ ಆ ಗುಡ್ಡ ಇಳಿದಿತ್ತು. ಮಬ್ಬು ಹೋಯಿತು. ಬಾಗು ಪೂರ್ತಿ ಹೋಗಲಿಲ್ಲ. ಬಲಗಣ್ಣಿಗೆ ನೆಟ್ಟನೆಯ ಗೆರೆಯ ನಡುವೆ ಈಗಲೂ ಒಂದು ಸಣ್ಣ ತಗ್ಗು ಕಾಣುತ್ತದೆ. ಅಭ್ಯಾಸವಾಗುತ್ತದೆ ಎಂದು ಡಾಕ್ಟರು ಹೇಳಿದರು. ಎರಡೂ ಕಣ್ಣು ತೆರೆದಾಗ ಅದು ಅಷ್ಟಾಗಿ ತಿಳಿಯುವುದಿಲ್ಲ. ಆದರೂ ಈಗ ನಾನು ತಿದ್ದುವ ಪ್ರತಿ ಅಕ್ಷರವನ್ನೂ ಅಳತೆಯ ಗೆರೆ ಹಾಕಿ ನೋಡುತ್ತೇನೆ, ಆಮೇಲೆ ಗಂಡನಿಗೆ ತೋರಿಸುತ್ತೇನೆ. ಅವರು ಸರಿಯಿದೆ ಎಂದರೂ ನಂಬಿಕೆ ಬರುವುದಿಲ್ಲ, ಸರಿಯಿಲ್ಲ ಎಂದರೆ ಕೋಪ ಬರುತ್ತದೆ.

ಇತ್ತೀಚೆಗೆ ಮಾಗಡಿಯ ಕಾಲೇಜೊಂದರಿಂದ ಸ್ಮರಣ ಸಂಚಿಕೆ ಮಾಡಿಕೊಡಲು ಕೇಳಿದರು. ಅಲ್ಲಿಗೆ ಹೋಗಿ ಪ್ರಾಂಶುಪಾಲರ ಮುಂದೆ ಕೂತು, ಕೆಲಸ ಒಪ್ಪಿಕೊಳ್ಳುವ ಮುಂಚೆ ನನ್ನ ಕಣ್ಣಿನ ವಿಷಯ ಹೇಳಿದೆ. ಹೇಳಲೇಬೇಕೆಂದೇನೂ ಇರಲಿಲ್ಲ. ಅವರು ಬಹಳ ಮರ್ಯಾದೆಯಿಂದ ಕೇಳಿಸಿಕೊಂಡರು, ಕಮಿಟಿಯವರ ಜೊತೆ ಮಾತಾಡಿ ತಿಳಿಸುತ್ತೇವೆ ಎಂದರು. ತಿಳಿಸಲಿಲ್ಲ. ಗಂಡನಿಗೆ ಹೇಳಿದಾಗ, "ನಿನ್ನ ಯಾರ್ ಕೇಳಿದ್ರು? ಯಾಕ್ ಹೇಳಾಕೋದೆ?" ಎಂದು ಬೈದರು.

ಹೇಳಬೇಕೋ ಬೇಡವೋ ಎಂಬುದನ್ನು ಇನ್ನೂ ತೀರ್ಮಾನಿಸಿಲ್ಲ. ಅಕ್ಕನವರು ಮಾತ್ರ ಮೊನ್ನೆ ಫೋನು ಮಾಡಿದ್ದರು. ಎರಡನೇ ಪುಸ್ತಕಕ್ಕೆ ಲೇಖನಗಳು ಬಂದಿವೆ, ಕಳಿಸಲೇ ಎಂದು ಕೇಳಿದರು. ಕಳಿಸಿ ಎಂದೆ.